ಹತ್ತು ದ್ರಾಮಿನ ತೂತು

ಗ್ಯುಮ್ರಿಯಲ್ಲಿ, ರೈಲು ನಿಲ್ದಾಣದ ಹಿಂದಿನ ಬೀದಿಯಲ್ಲಿ
ನಮ್ಮದು ಕಾಲುಚೀಲದ ಕಾರ್ಖಾನೆ.
ಇಪ್ಪತ್ತೆರಡು ಹೆಂಗಸರು, ಇಪ್ಪತ್ತೆರಡು ಯಂತ್ರ,
ಬೀದಿಗೆ ಮುಖ ಮಾಡಿದ ಐದು ಕಿಟಕಿ.
ನಾನು ಹೊಲಿಯುವುದಿಲ್ಲ. ಲೆಕ್ಕ ಬರೆಯುತ್ತೇನೆ:
ಯಾರು ಎಷ್ಟು ಜೊತೆ, ಎಷ್ಟು ನೆಟ್ಟಗೆ, ಎಷ್ಟು ಹಾಳು.

ಯೆರೆವಾನಿನಿಂದ ಹೊಸ ಮ್ಯಾನೇಜರು ಬಂದ, ಗೆವೊಂದ್.
ಒಳ್ಳೆಯವನೇ. ಬಂದ ದಿನವೇ ಎಲ್ಲರ ಕೈಕುಲುಕಿದ,
ಕೆಟ್ಟು ಕೂತಿದ್ದ ಚಹಾ ಕೆಟಲ್ ತಾನೇ ಬಿಚ್ಚಿ ಸರಿಮಾಡಿದ.
ಆಮೇಲೆ ಮೂರು ದಿನ ಮೂಲೆಯಲ್ಲಿ ಕುರ್ಚಿ ಹಾಕಿಕೊಂಡು
ತಲೆಗಳನ್ನು ಎಣಿಸಿದ; ಅಂದರೆ, ತಲೆ ಎತ್ತುವುದನ್ನು.
ಒಬ್ಬೊಬ್ಬಳು ದಿನಕ್ಕೆ ನಲವತ್ತು ಸಲ, ಸಲಕ್ಕೆ ಮೂರು ಸೆಕೆಂಡು.
ಹನಿಗೂಡಿದರೆ ಹಳ್ಳವಲ್ಲವೆ?
ದಿನಕ್ಕೆ ನಲವತ್ತನಾಲ್ಕು ನಿಮಿಷ
ಕಿಟಕಿಯಿಂದಾಚೆ ಸೋರಿಹೋಗುತ್ತಿದೆ ಅಂದ.

ಭಾನುವಾರ ಬಣ್ಣದವರು ಬಂದರು.
ಸೋಮವಾರ ಗಾಜೆಲ್ಲ ಕೆನೆಗಟ್ಟಿದ ಹಾಲು.

ಒಂದೂ ಇಪ್ಪತ್ತಕ್ಕೆ ಶಾಲೆ ಬಿಟ್ಟು ಬರುವಾಗ
ವರ್ಸೆನಿಕಳ ಮಗ ಕಿಟಕಿಗೊಮ್ಮೆ ಕೈಯೆತ್ತಿ ಹೋಗುತ್ತಿದ್ದ.
ಬಿಳಿ ಗಾಜಿಗೂ ಎತ್ತಿರಬೇಕು. ಕಂಡವರಿಲ್ಲ.

ಮೊದಲ ವಾರ ಇಪ್ಪತ್ತು ಜೊತೆ ಹೆಚ್ಚೇ ಬಂತು, ಸುಳ್ಳು ಹೇಳಬಾರದು.
ಎರಡನೆಯ ವಾರ ಸಾಲಿಗೆ ಸಾಲೇ ತಲೆನೋವು.
ನೀರಿಗೆಂದು ಎದ್ದ ಹೈಕಾನುಷ್
ನಲ್ಲಿಯ ಮುಂದೆ ಸುಮ್ಮನೆ ನಿಂತಿದ್ದಳು, ಕೈಯಲ್ಲಿ ಲೋಟವಿಲ್ಲ.
ಒಂದು ದಾರದ ಉಂಡೆಗಾಗಿ ಅಕ್ಕತಂಗಿ ಮಾತು ಬಿಟ್ಟರು.
ಮೂರನೆಯ ವಾರ ಬೆರಳ ತುದಿಯ ಹೊಲಿಗೆ ಸೊಟ್ಟಗಾಯಿತು,
ಒಂದಲ್ಲ, ಎರಡಲ್ಲ, ಬುಟ್ಟಿಗಟ್ಟಲೆ.
ಗೆವೊಂದ್ ದೀಪ ಬದಲಿಸಿದ, ದಂಡ ಹಾಕಿದ, ದಂಡ ತೆಗೆದ,
ಎದುರು ಗೋಡೆಗೆ ದೊಡ್ಡ ಗಡಿಯಾರ ತೂಗಿಸಿದ.
ಗಡಿಯಾರಕ್ಕೆ ನಲವತ್ತಲ್ಲ, ನೂರು ಸಲ ತಲೆ ಎತ್ತಿದರು.

ಆಮೇಲೆ ಏನೋ ಆಯಿತು.
ಸಾವಿರದ ನೂರು. ಸಾವಿರದ ನೂರ ನಲವತ್ತು.
ಹಳೆಯ ಗೆರೆ ದಾಟಿ ಇನ್ನೂ ಮೇಲೆ.
ಸಾಲಿನ ಈ ತುದಿಯಿಂದ ಆ ತುದಿಗೆ ಪಿಸುಮಾತೊಂದು
ಹೊಲಿಗೆಯ ಹಾಗೆ ಓಡುತ್ತಿತ್ತು:
ನಾಯಿ ಮರಿ ಹಾಕಿದೆಯಂತೆ, ನಾಲ್ಕು, ಒಂದು ಕರಿದು.
ಮೇಲ್ಮನೆಯವಳು ಕೆಂಪು ಕಂಬಳಿ ಒಗೆದು ಹರವಿದ್ದಾಳೆ,
ಗಂಡ ರಷ್ಯಾದಿಂದ ಬರುವವನಿರಬೇಕು.
‘ಬಂದನೆ?’
‘ಇಲ್ಲ, ಬರೀ ಕಂಬಳಿ.’

ನನಗೆ ಯಾರೂ ಹೇಳಲಿಲ್ಲ.
ಲೆಕ್ಕ ಬರೆಯುವವಳಿಗೆ ಯಾರು ಹೇಳುತ್ತಾರೆ?
ಮಾರ್ಚ್ ತಿಂಗಳ ಒಂದು ಮಧ್ಯಾಹ್ನ, ಮೂರೂವರೆಗೆ,
ನೆಲದ ಮೇಲೆ ತೆವಳುತ್ತ ಬಂದ ಬೆಳಕಿನ ಬಿಲ್ಲೆ,
ಹತ್ತು ದ್ರಾಮಿನ ನಾಣ್ಯದಷ್ಟಗಲ,
ಮೇಜು ಹತ್ತಿ ನನ್ನ ಪುಸ್ತಕದ ಮೇಲೆ ಕೂತಿತು.
ಬಂದ ದಾರಿಯಲ್ಲೇ ಕಣ್ಣು ಹಿಂದಕ್ಕೆ ಹೋಯಿತು:
ನಲ್ಲಿಯ ಪಕ್ಕದ ಮೂರನೆಯ ಕಿಟಕಿ,
ಶೋಗಿಕ್ ಸೂಜಿಯಿಂದ ಕೆರೆದ ತೂತು.

ಗೆವೊಂದ್ ಇತ್ತಲೇ ಬರುತ್ತಿದ್ದ.
ಬೆಳಕಿನ ಮೇಲೆ ಕೈಯಿಟ್ಟೆ, ಪೆದ್ದಿ,
ಅದು ಕೈಯ ಮೇಲೇರಿ ಕೂತಿತು.
ಎದ್ದು ಅದಕ್ಕೆ ಬೆನ್ನು ಕೊಟ್ಟು ನಿಂತೆ.
ಕೆಟಲ್ ಮತ್ತೆ ಸದ್ದು ಮಾಡುತ್ತಿದೆ ಅಂದೆ.

ಅವನು ವರದಿ ಬರೆದ: ಬಣ್ಣದ ಫಲ ನಿಧಾನ, ಆದರೆ ಖಚಿತ.
ವನಾದ್ಜೋರಿನ ಘಟಕಕ್ಕೂ ಈಗ ಬಣ್ಣದ ಡಬ್ಬಿ ಹೊರಟಿದೆ.
ಅಂಕಿಗಳ ಕೆಳಗೆ ನನ್ನ ಸಹಿ ಬೇಕೆಂದ.
ಅಂಕಿ ನಿಜ, ಹಾಕಿದೆ.
ಕಾರಣಕ್ಕೆ ನನ್ನ ಪುಸ್ತಕದಲ್ಲಿ ಕಲಮೇ ಇಲ್ಲ.

ಎಲ್ಲರೂ ಹೋದ ಮೇಲೆ ಬಾಗಿ ಕಣ್ಣಿಟ್ಟೆ.
ನಾಯಿ ಇರಲಿಲ್ಲ. ಕಂಬಳಿ ಒಳಗೆ ಹೋಗಿತ್ತು.
ಎದುರಿನ ಬೂಟು ರಿಪೇರಿಯ ಅಂಗಡಿಯಲ್ಲಿ
ಸ್ಟೂಲಿನ ಮೇಲೊಬ್ಬ ಮುದುಕ,
ಒಂದು ಕಾಲಿಗೆ ಬೂಟು, ಇನ್ನೊಂದು ಕಾಲು ಗಾಳಿಗೆ.
ಆ ಕಾಲಿನ ಚೀಲ ನಮ್ಮದು.
ಬೆರಳ ತುದಿಯಲ್ಲಿ ಹೊಲಿಗೆ ಸೊಟ್ಟ,
ಮೂರನೆಯ ವಾರದ ಮಾಲು, ಅರ್ಧ ಬೆಲೆಯದು.
ಅವನದನ್ನು ಎಳೆದೆಳೆದು ನೆಟ್ಟಗೆ ಮಾಡುತ್ತಲೇ ಇದ್ದ.